ತೂಬಿಲ್ಲದ ಹೆದ್ದಾರಿ

ಮಂಡ್ಯ ಬಂತು ಎನ್ನುವುದು ಹಿಂದೆ ಮೊದಲು ಗೊತ್ತಾಗುತ್ತಿದ್ದದ್ದು ಮೂಗಿಗೆ. ಬೆಂಗಳೂರಿನಿಂದ ಮೈಸೂರಿಗೆ ಹೊರಟ ಕೆಂಪು ಬಸ್ಸು ಮದ್ದೂರು ದಾಟಿ, ಗೆಜ್ಜಲಗೆರೆಯನ್ನು ಹಿಂದೆ ಹಾಕುತ್ತಿದ್ದಂತೆ ತೆರೆದ ಕಿಟಕಿಯಿಂದ ಬೆಚ್ಚನೆಯ ಸಿಹಿ ವಾಸನೆಯೊಂದು ಒಳಗೆ ನುಗ್ಗುತ್ತಿತ್ತು. ಕುದಿಯುವ ಪಾಕದ ಘಮ, ಉರಿಯುವ ಕಬ್ಬಿನ ಸಿಪ್ಪೆಯ ಹೊಗೆ, ಸಕ್ಕರೆ ಕಾರ್ಖಾನೆಯ ಕಾಕಂಬಿಯ ಹುಳಿ ನಾತ, ಆಗಷ್ಟೇ ನೀರು ಹಾಯಿಸಿದ ಗದ್ದೆಯ ಕೆಸರಿನ ತಂಪು, ಎಲ್ಲವೂ ಅದರಲ್ಲಿ ಕಲೆತಿರುತ್ತಿದ್ದವು. ತೂಕಡಿಸುತ್ತಿದ್ದವರು ಕಣ್ಣು ಬಿಡದೆಯೇ ಕಾಲ ಬಳಿಯ ಚೀಲ ತಡವಿಕೊಳ್ಳುತ್ತಿದ್ದರು. ಈಗಿನ ಹೆದ್ದಾರಿಯಲ್ಲಿ ಗಾಜು ಏರಿಸಿಕೊಂಡ ಕಾರುಗಳು ಊರಿನ ಹೊರಗಿನಿಂದಲೇ ಸರ್ರನೆ ಹಾದುಹೋಗುತ್ತವೆ. ಹಸಿರು ಬೋರ್ಡಿನ ಮೇಲೆ ಮಂಡ್ಯ ಎಂಬ ಹೆಸರು ಕಂಡು ಮರೆಯಾಗುತ್ತದೆ, ಅಷ್ಟೆ. ಆ ವಾಸನೆ ಬೇಕೆಂದರೆ ಇಳಿಯಬೇಕು. ಬನ್ನಿ, ಇಳಿಯೋಣ.

ಸರ್ವಿಸ್ ರಸ್ತೆಯಿಂದ ಎಡಕ್ಕೆ ಹೊರಳಿ, ತಗ್ಗಿನ ಅಂಡರ್‌ಪಾಸಿನ ಕೆಸರು ನೀರು ತುಳಿದು ಆಚೆ ಹೋದರೆ ಲೋಕವೇ ಬೇರೆ. ಎರಡೂ ಬದಿ ಆಳೆತ್ತರ ಮೀರಿದ ಕಬ್ಬು. ಗಾಳಿ ಬೀಸಿದಾಗಲೆಲ್ಲ ಗರಿಗೆ ಗರಿ ಉಜ್ಜಿ ಸರಸರ ಸದ್ದು. ಮಣ್ಣಿನ ಹಾದಿಯಲ್ಲಿ ಟ್ರ್ಯಾಕ್ಟರ್ ಚಕ್ರದ ಎರಡು ಗಾಡಿಜಾಡು, ನಡುವೆ ಉದುರಿಬಿದ್ದ ಜಲ್ಲೆಗಳು. ಶಾಲೆಯಿಂದ ಬರುತ್ತಿರುವ ಹುಡುಗರು ಅದರಲ್ಲೊಂದನ್ನು ಎತ್ತಿ, ಮಂಡಿಗೆ ಬಡಿದು ಮುರಿದು, ಹಲ್ಲಿನಿಂದ ಸುಲಿಯುತ್ತ ನಡೆಯುತ್ತಾರೆ. ಸ್ವಲ್ಪ ಮುಂದೆ ಕಬ್ಬು ಕಡಿಯುವ ತಂಡ. ಬಳ್ಳಾರಿ ಕಡೆಯಿಂದ ಗುಡಾರ ಹೊತ್ತು ಬಂದವರು. ಗಂಡಸರು ಬುಡಕ್ಕೆ ಬಗ್ಗಿ ಮಚ್ಚು ಬೀಸುತ್ತಾರೆ, ಹೆಂಗಸರು ತರಗು ಬಿಡಿಸಿ, ಸೋಗೆ ಕತ್ತರಿಸಿ, ಕಂತೆ ಕಟ್ಟುತ್ತಾರೆ. ಹಸಿರು ಸೋಗೆಗಾಗಿ ಊರಿನ ಅಜ್ಜಿಯೊಬ್ಬಳು ಬದುವಿನ ಮೇಲೆ ಹಗ್ಗ ಹಾಸಿಕೊಂಡು ಕಾಯುತ್ತಿದ್ದಾಳೆ. ಅವಳ ಸೀಮೆಹಸುವಿನ ಇವತ್ತಿನ ಮೇವು ಅದು.

ಆಲೆಮನೆ ಕಣ್ಣಿಗೆ ಬೀಳುವ ಮೊದಲೇ ಅದರ ಗಾಣ ಕಿವಿಗೆ ಬೀಳುತ್ತದೆ. ತಗಡಿನ ಸೂರು, ಮಸಿ ಹಿಡಿದ ಕಂಬಗಳು, ಹಿಂದುಗಡೆ ಹೊಗೆ ಉಗುಳುವ ಇಟ್ಟಿಗೆಯ ಚಿಮಣಿ. ಮುಂದಿನ ಅಂಗಳದ ತುಂಬ ಬಿಸಿಲಿಗೆ ಹರಡಿದ ಸಿಪ್ಪೆ. ಒಬ್ಬ ಗಾಣದ ಬಾಯಿಗೆ ಜಲ್ಲೆ ಕೊಡುತ್ತಾನೆ. ಹಸಿರು ಮಿಶ್ರಿತ ಬೂದುಬಣ್ಣದ ಕಬ್ಬಿನ ಹಾಲು ನೊರೆನೊರೆಯಾಗಿ ತೊಟ್ಟಿಗೆ ಇಳಿಯುತ್ತದೆ. ಅಲ್ಲಿಂದ ಕೊಪ್ಪರಿಗೆಗೆ. ಕೊಪ್ಪರಿಗೆಯ ಕೆಳಗಿನ ಒಲೆಗೆ ಇನ್ನೊಬ್ಬ ಬಿಡುವಿಲ್ಲದೆ ಒಣಸಿಪ್ಪೆ ತುರುಕುತ್ತಾನೆ. ಕಬ್ಬನ್ನು ಕಬ್ಬಿನ ಬೆಂಕಿಯೇ ಬೇಯಿಸಬೇಕು, ಬೇರೆ ಸೌದೆಯಿಲ್ಲ. ಹಾಲು ಕಾದಂತೆ ಮೇಲೆ ಬರುವ ಕಪ್ಪು ನೊರೆಯನ್ನು ಉದ್ದ ಹಿಡಿಯ ಜರಡಿಯಲ್ಲಿ ತೆಗೆಯುತ್ತಾರೆ. ಸುಣ್ಣದ ತಿಳಿ ಬೀಳುತ್ತದೆ. ಹಳಬರ ಆಲೆಮನೆಯಾದರೆ ಜಜ್ಜಿದ ಬೆಂಡೆಗಿಡದ ಲೋಳೆ. ಉಕ್ಕು ಕೈ ಮೀರಿದರೆ ನಾಲ್ಕು ಹನಿ ಹರಳೆಣ್ಣೆ, ಉಕ್ಕು ತಟ್ಟನೆ ಕುಗ್ಗುತ್ತದೆ. ಆಮೇಲೆ ಬಣ್ಣ ತಿರುಗುವ ಹೊತ್ತು. ಗುಳ್ಳೆ ದಪ್ಪಗಾಗಿ, ನಿಧಾನಕ್ಕೆ ಒಡೆಯತೊಡಗಿದಾಗ ಹದ ನೋಡುವವನು ಪಾಕದ ತೊಟ್ಟನ್ನು ತಣ್ಣೀರಿಗೆ ಬಿಟ್ಟು, ಬೆರಳುಗಳ ನಡುವೆ ಉಂಡೆ ಕಟ್ಟಿ ನೋಡುತ್ತಾನೆ. ಅವನು ಕೈ ಎತ್ತಿದರೆ ಎಲ್ಲರೂ ಓಡಿ ಬಂದು ಕೊಪ್ಪರಿಗೆಗೆ ಕೈ ಹಾಕಬೇಕು. ಅರೆಗಳಿಗೆ ತಡವಾದರೂ ಬೆಲ್ಲ ಸೀಯುತ್ತದೆ.

ಒಂದು ಟನ್ ಕಬ್ಬು ಅರೆದರೆ ಸಿಗುವುದು ನೂರು ಕೆ.ಜಿ. ಆಚೀಚೆ ಬೆಲ್ಲ. ಅಚ್ಚು ಬೆಲ್ಲ, ಬಕೆಟ್ ಬೆಲ್ಲ, ಕುರಿಕಟ್ಟು ಬೆಲ್ಲ ಎಂದು ಮಂಡ್ಯದ ಮಾರುಕಟ್ಟೆಯಲ್ಲಿ ಆಕಾರಕ್ಕೊಂದು ಹೆಸರು, ಹೆಸರಿಗೊಂದು ಬೆಲೆ. ಬೆಳ್ಳಗೆ, ಹಳದಿಯಾಗಿ ಮಿನುಗುವ ಬೆಲ್ಲವನ್ನೇ ವ್ಯಾಪಾರಿ ಕೇಳುತ್ತಿದ್ದ ಕಾಲದಲ್ಲಿ ಹೈಡ್ರೋಸ್ ಎಂಬ ಬಿಳಿ ಪುಡಿ ಆಲೆಮನೆ ಹೊಕ್ಕಿತು. ಈಗ ಬೆಂಗಳೂರಿನ ಗಿರಾಕಿ ಕಪ್ಪು ಬೆಲ್ಲವೇ ಒಳ್ಳೆಯದೆಂದು ಹೆಚ್ಚು ಕಾಸು ಕೊಟ್ಟು ಒಯ್ಯುತ್ತಾನೆ. ತಾತನ ಕಾಲದಲ್ಲಿ ಹೇಗಿತ್ತೋ ಹಾಗೆಯೇ ಮಾಡಿದ್ದಕ್ಕೆ ಇವತ್ತು ಚೀಟಿ ಅಂಟಿಸಿ, ಡಬ್ಬಿಗೆ ತುಂಬಿ ಬೇರೆ ದರ. ಇನ್ನೊಂದು ಬದಲಾವಣೆ ತಿಳಿಯಲು ಕಿವಿಗೊಟ್ಟರೆ ಸಾಕು. ಕಂಬಕ್ಕೆ ನೇತುಹಾಕಿದ ಮೊಬೈಲಿನಿಂದ ಹೊರಡುತ್ತಿರುವುದು ಭೋಜಪುರಿ ಹಾಡು. ಗಾಣ ಕೊಡುವವನು, ಒಲೆ ಉರಿಸುವವನು, ಎಷ್ಟೋ ಕಡೆ ಹದ ನೋಡುವವನೂ ಬಿಹಾರ, ಉತ್ತರ ಪ್ರದೇಶದವರು. ಅವರು ನಮಗೆ ಉದ್ದ ಲೋಟದಲ್ಲಿ ಬಿಸಿ ಪಾಕ ನೀಡಿ ‘ಪೀಜಿಯೇ’ ಅಂದರೆ, ಪಕ್ಕದ ಚಾಪೆಯ ಮೇಲೆ ಲೆಕ್ಕದ ಪುಸ್ತಕ ಹಿಡಿದು ಕೂತ ಯಜಮಾನರು ‘ಕುಡೀರಿ ಸಾ, ನಿಂಬೆಹಣ್ಣು ಹಿಂಡ್ಕಳಿ’ ಅನ್ನುತ್ತಾರೆ. ಸಕ್ಕರೆ ನಾಡಿನ ಬೆಲ್ಲ ಈಗ ಎರಡು ಭಾಷೆಯಲ್ಲಿ ಕುದಿಯುತ್ತದೆ.

ಆಲೆಮನೆಯ ಬೆನ್ನಿಗೇ ಉಪನಾಲೆ ಹರಿಯುತ್ತದೆ. ಸೋಪಾನದ ಮೇಲೆ ಬಟ್ಟೆ ಬಡಿಯುವ ಸದ್ದು, ಈಜು ಕಲಿಯುತ್ತಿರುವ ಹುಡುಗರ ಕೇಕೆ, ಎಮ್ಮೆಯ ಬೆನ್ನಿನ ಮೇಲೆ ಕೊಕ್ಕರೆ. ಏರಿಯ ಮೇಲೆ ಪಂಚೆ ಎತ್ತಿ ಕಟ್ಟಿದ ನೀರುಗಂಟಿ ತೂಬಿನ ಹತ್ತಿರ ನಿಂತಿದ್ದಾನೆ. ಈ ತೂಬನ್ನು ಸ್ವಲ್ಪ ನಿಂತು ನೋಡಬೇಕು. ನಾಲೆಯ ಏರಿಯಲ್ಲಿ ಕೊರೆದ ಒಂದು ಕಿಂಡಿ, ಅದಕ್ಕೊಂದು ಹಲಗೆ. ಹಲಗೆ ಎತ್ತಿದರೆ ಕನ್ನಂಬಾಡಿ ಕಟ್ಟೆಯ ನೀರು ಸಣ್ಣ ಕಾಲುವೆಗೆ, ಅಲ್ಲಿಂದ ಗದ್ದೆಗೆ, ಗದ್ದೆಯಿಂದ ಕೆಳಗಿನ ಗದ್ದೆಗೆ. ಯಾರ ಸರದಿ ಯಾವಾಗ, ಯಾರು ರಾತ್ರಿ ಬಂದು ಹಲಗೆ ಎತ್ತಿದರು, ಯಾರ ಬದು ಒಡೆಯಿತು ಎಂಬ ಜಗಳ, ರಾಜಿ, ಪಂಚಾಯಿತಿ ಎಲ್ಲವೂ ನಡೆಯುವುದು ಈ ಕಿಂಡಿಯ ಸುತ್ತಲೇ. ಮಳೆ ಕೈಕೊಟ್ಟ ವರ್ಷ ಕಟ್ಟುಪದ್ಧತಿಯ ನೀರು. ಇಷ್ಟು ದಿನ ಬಿಟ್ಟು ಇಷ್ಟು ದಿನ ನಿಲ್ಲಿಸುತ್ತಾರೆ. ಆಗ ಮದ್ದೂರು, ಮಳವಳ್ಳಿಯ ಕೊನೆ ಭಾಗದವರಿಗೆ ನಾಲೆಯಲ್ಲಿ ಕಾಣುವುದು ಬಿರುಕುಬಿಟ್ಟ ಹೂಳು ಮಾತ್ರ. ಈ ಸೀಮೆಯ ಹೋಟೆಲುಗಳಲ್ಲಿ ಪತ್ರಿಕೆ ಬಂದ ಕೂಡಲೇ ಮೊದಲು ಹುಡುಕುವುದು ಕಟ್ಟೆಯ ನೀರಿನ ಮಟ್ಟ. ಗರಿಷ್ಠ 124.80 ಅಡಿ ಎನ್ನುವುದನ್ನು ಇಲ್ಲಿ ಯಾರೂ ಬಾಯಿಪಾಠ ಮಾಡಬೇಕಿಲ್ಲ. 

ಈ ನೀರು ಬರುವ ಮೊದಲು ಇದು ರಾಗಿ, ಹುರುಳಿಯ ಸೀಮೆ. ಕೆರೆ ತುಂಬಿದರೆ ಒಂದಿಷ್ಟು ಭತ್ತ. 1911ರಲ್ಲಿ ಶುರುವಾದ ಕನ್ನಂಬಾಡಿ ಕಟ್ಟೆಯ ಕೆಲಸ ಮುಗಿಯಲು ಇಪ್ಪತ್ತು ವರ್ಷ ಹಿಡಿಯಿತು. ಅಲ್ಲಿಂದ ಹೊರಟ ಇರ್ವಿನ್ ನಾಲೆ ಹುಲಿಕೆರೆಯ ಬಳಿ ಗುಡ್ಡದೊಳಗೇ ಸುರಂಗ ಹೊಕ್ಕು ಹೊರಬಂದು, 1930ರ ದಶಕದ ಆರಂಭದಲ್ಲಿ ಈ ಒಣಹೊಲಗಳಿಗೆ ಇಳಿಯಿತು. ವೈಸ್‌ರಾಯರ ಹೆಸರು ಅಳಿದು ಅದು ವಿಶ್ವೇಶ್ವರಯ್ಯ ನಾಲೆಯಾಯಿತು. ಜನರ ಬಾಯಲ್ಲಿ ವಿ.ಸಿ. ನಾಲೆ. ಬರೀ ನೀರು ಬರಲಿಲ್ಲ. ಬಂದ ನೀರಲ್ಲಿ ಏನು ಬೆಳೆಯಬೇಕು, ಬೆಳೆದದ್ದನ್ನು ಎಲ್ಲಿ ಮಾರಬೇಕು ಎನ್ನುವುದೂ ಜೊತೆಗೇ ಬಂತು. ಕೃಷಿ ಇಲಾಖೆಯ ನಿರ್ದೇಶಕರಾಗಿದ್ದ ಕೆನಡಾದ ಲೆಸ್ಲಿ ಕೋಲ್ಮನ್ ಕಬ್ಬಿಗೂ ಕಾರ್ಖಾನೆಗೂ ಬೆನ್ನು ಕಟ್ಟಿ ನಿಂತರು. 1933ರಲ್ಲಿ ಮೈಸೂರು ಸಕ್ಕರೆ ಕಂಪನಿ, ಅಂದರೆ ನಮ್ಮ ಮೈಷುಗರ್, ಹುಟ್ಟಿತು. ಊರಾಚೆ ವಿ.ಸಿ. ಫಾರಂ ಎದ್ದಿತು, ಮುಂದೆ ‘ರಾಗಿ ಲಕ್ಷ್ಮಣಯ್ಯ’ನವರು ಆಫ್ರಿಕಾದ ರಾಗಿಯನ್ನೂ ನಮ್ಮ ರಾಗಿಯನ್ನೂ ಕೂಡಿಸಿ ಇಂಡಾಫ್ ತಳಿಗಳನ್ನು ಹೊರತಂದದ್ದು ಅಲ್ಲಿಂದಲೇ. 1939ರಲ್ಲಿ ಮೈಸೂರಿನಿಂದ ಬೇರೆಯಾಗಿ ಮಂಡ್ಯ ಜಿಲ್ಲೆಯೇ ಆಯಿತು. ಒಂದು ದಶಕ ಕಳೆಯುವುದರೊಳಗೆ ನೀರು, ಬೆಳೆ, ಕಾರ್ಖಾನೆ, ಜಿಲ್ಲೆ ಒಂದರ ಹಿಂದೊಂದು. ಈ ನೆಲದ ಮೊದಲ ಆಧುನಿಕ ಕಾಲ ಅದು. ಬಂದದ್ದು ತೂಬಿನ ಮೂಲಕ, ಊರೂರಿನ ಒಳಗೆ.

ಆದರೆ ಎಲ್ಲ ಊರಿಗೂ ಅಲ್ಲ. ನಾಲೆಗಿಂತ ಎತ್ತರದಲ್ಲಿದ್ದ ಊರಿಗೆ ನೀರು ಏರಲಿಲ್ಲ. ಸುತ್ತ ಹಸಿರು, ನಡುವೆ ಒಣ ದಿಣ್ಣೆ. 1954ರಲ್ಲಿ ಸ್ಕಾರ್ಲೆಟ್ ಎಪ್‌ಸ್ಟೀನ್ ಎಂಬ ವಿಯೆನ್ನಾದಲ್ಲಿ ಹುಟ್ಟಿದ ವಿದ್ವಾಂಸೆ ಮಂಡ್ಯದ ಹತ್ತಿರದ ಎರಡು ಹಳ್ಳಿಗಳಿಗೆ ಬಂದು ಉಳಿದರು. ನೀರು ಬಂದ ಹಳ್ಳಿಯನ್ನು ವಂಗಲ, ಬಾರದ ಹಳ್ಳಿಯನ್ನು ದಲೆನ ಎಂದು ಸುಳ್ಳು ಹೆಸರಿಟ್ಟು ಕರೆದು, 1962ರಲ್ಲಿ ಪುಸ್ತಕ ತಂದರು. ಅವರು ಕಂಡದ್ದು ಯಾರೂ ಎಣಿಸದ ಸಂಗತಿ. ಕಬ್ಬಿನ ಹಣ ಹರಿದ ವಂಗಲದಲ್ಲಿ ಒಕ್ಕಲಿಗ ಯಜಮಾನ, ಅವನ ಹೊಲದ ಆಳು, ತಲೆಮಾರಿನಿಂದ ಬಂದ ಕೊಡುಕೊಳೆ, ಮದುವೆಯ ಅದ್ದೂರಿ ಎಲ್ಲವೂ ಹಳೆಯ ರೀತಿಯಲ್ಲೇ ಗಟ್ಟಿಯಾಗಿದ್ದವು. ದುಡ್ಡು ಬಂದಿತ್ತು, ಬದುಕಿನ ಕಟ್ಟು ಬದಲಾಗಿರಲಿಲ್ಲ. ನೀರಿಲ್ಲದ ದಲೆನದವರು ಮನೆಯಲ್ಲಿ ಕೂರುವಂತಿರಲಿಲ್ಲ. ಗಾಡಿ ಕಟ್ಟಿ ಪಕ್ಕದೂರಿನ ಕಬ್ಬನ್ನು ಕಾರ್ಖಾನೆಗೆ ಹೊಡೆದರು, ಮಂಡ್ಯದಲ್ಲಿ ನೌಕರಿ ಹಿಡಿದರು, ಹಿಟ್ಟಿನ ಗಿರಣಿ ಹಾಕಿದರು, ಬೇರೆ ಊರಲ್ಲಿ ನೀರಾವರಿ ಜಮೀನು ಕೊಂಡರು. ಹಳೆಯ ಕಟ್ಟುಗಳು ಸಡಿಲವಾದದ್ದು ಅಲ್ಲಿ. ನೀರು ತಪ್ಪಿಸಿಕೊಂಡ ಊರೇ ಹೆಚ್ಚು ಬದಲಾಗಿತ್ತು.

ಆ ಮಾತನ್ನು ಮನಸ್ಸಲ್ಲಿಟ್ಟುಕೊಂಡು ಮಂಡ್ಯದ ಪೇಟೆಗೆ ಬಂದರೆ ಕಾರ್ಖಾನೆಯ ದಾರಿಯಲ್ಲಿ ಟ್ರ್ಯಾಕ್ಟರುಗಳ ಸಾಲು. ಹಿಂದೆ ಇಲ್ಲಿ ಹಳ್ಳಿಕಾರ್ ಎತ್ತುಗಳ ಗಂಟೆ ಸದ್ದು, ಸಗಣಿಯ ವಾಸನೆ, ಗಾಡಿಯ ಕೆಳಗೆ ಕಂಬಳಿ ಹೊದ್ದು ಮಲಗಿದವರ ಗೊರಕೆ. ಈಗ ಡೀಸೆಲ್ ಹೊಗೆ, ಸ್ಪೀಕರಿನಲ್ಲಿ ಸಿನಿಮಾ ಹಾಡು, ಸೀಟಿನ ಮೇಲೇ ಕಾಲು ಚಾಚಿ ಮೊಬೈಲು ತಿಕ್ಕುವ ಡ್ರೈವರು. ಮೈಷುಗರ್ ಮೂರು ನಾಲ್ಕು ವರ್ಷ ಬಾಗಿಲು ಹಾಕಿಕೊಂಡಿತ್ತು. ಚಿಮಣಿಯಲ್ಲಿ ಹೊಗೆಯಿಲ್ಲದ ಆ ಹಂಗಾಮುಗಳಲ್ಲಿ ಬೆಳೆದು ನಿಂತ ಕಬ್ಬು ಒಣಗಿದ್ದನ್ನು, ದೂರದ ಕಾರ್ಖಾನೆಗೆ ಸಾಗಿಸಿ ಕೈ ಸುಟ್ಟುಕೊಂಡದ್ದನ್ನು ಜನ ಮರೆತಿಲ್ಲ. 2022ರಲ್ಲಿ ಅದು ಮತ್ತೆ ಅರೆಯತೊಡಗಿದಾಗ ಊರಿಗೇ ಹಬ್ಬ. 2024-25ರ ಹಂಗಾಮಿಗೆ ಕೇಂದ್ರ ಸರ್ಕಾರ ಗೊತ್ತುಮಾಡಿದ ಕಬ್ಬಿನ ದರ, ಶೇ 10.25ರ ಇಳುವರಿಗೆ, ಟನ್ನಿಗೆ 3,400 ರೂಪಾಯಿ ಇತ್ತು. ಸಿಗುವ ದರದಲ್ಲಿ ಕಡಿಯುವ ಕೂಲಿ, ಸಾಗಣೆ, ಗೊಬ್ಬರದ ಸಾಲ ಕಳೆದು, ಹನ್ನೆರಡು ತಿಂಗಳು ಕಾದದ್ದಕ್ಕೆ ಉಳಿಯುವುದೆಷ್ಟೆಂದು ಟೀ ಅಂಗಡಿಯ ಬೆಂಚಿನ ಮೇಲೆ ದಿನವೂ ಲೆಕ್ಕ ನಡೆಯುತ್ತದೆ. 2015ರಲ್ಲಿ ಬೆಲೆ ಕುಸಿದು, ಬಾಕಿ ಹಣ ಬಾರದೆ, ಒಬ್ಬರಾದ ಮೇಲೊಬ್ಬರು ರೈತರು ಜೀವ ಕಳೆದುಕೊಂಡ ದಿನಗಳ ಮಾತು ಬಂದರೆ ಲೆಕ್ಕ ಅಲ್ಲಿಗೇ ನಿಲ್ಲುತ್ತದೆ.

ಹಳ್ಳಿಯ ಬೆಳಗನ್ನು ಈಗ ನಡೆಸುವವರು ಹೆಂಗಸರು. ಐದೂವರೆಗೆ ಡೇರಿಯ ಮುಂದೆ ಸ್ಟೀಲ್ ಕ್ಯಾನುಗಳ ಸದ್ದು. ಹಾಲಿನ ಫ್ಯಾಟು ನೋಡುವ ಯಂತ್ರ ಟಿಕ್ ಅಂದು ಸಣ್ಣ ಚೀಟಿ ಹೊರಹಾಕುತ್ತದೆ. ಸೆರಗಿನ ತುದಿಯಲ್ಲಿ ಕೈ ಒರೆಸಿಕೊಂಡು ಅದನ್ನು ಓದಿ, ಮಡಿಸಿ, ಕುಪ್ಪಸಕ್ಕೆ ಸಿಕ್ಕಿಸಿಕೊಳ್ಳುತ್ತಾರೆ. ಕಬ್ಬಿನ ಹಣ ವರ್ಷಕ್ಕೊಮ್ಮೆ ಗಂಡನ ಖಾತೆಗೆ ಬಂದರೆ ಬಂತು. ಹಾಲಿನ ಹಣ ತಪ್ಪದೆ ಬರುತ್ತದೆ. ಮಕ್ಕಳ ಫೀಸು, ಸಂಘದ ಕಂತು ಅದರಲ್ಲೇ. ಹಾಲು ಗೆಜ್ಜಲಗೆರೆಯ ಡೇರಿಗೆ ಹೊರಟ ಸ್ವಲ್ಪ ಹೊತ್ತಿಗೆ ಗಾರ್ಮೆಂಟ್ಸಿನ ವ್ಯಾನು ಬಂದು ಅರಳಿಕಟ್ಟೆಯ ಹತ್ತಿರ ಹಾರ್ನ್ ಹೊಡೆಯುತ್ತದೆ. ಕೊರಳಲ್ಲಿ ಗುರುತಿನ ಚೀಟಿ, ಕೈಯಲ್ಲಿ ಮುದ್ದೆ ಸಾರಿನ ಡಬ್ಬಿ, ಮುಡಿಯಲ್ಲಿ ಕನಕಾಂಬರ. ಮೊದಲು ಅದೇ ಹುಡುಗಿಯರು ಬೇರೆಯವರ ಗದ್ದೆಯಲ್ಲಿ ನಾಟಿ ಹಾಕುತ್ತಿದ್ದರು. ಕಾಲೇಜು ಮುಗಿಸಿದ ಹುಡುಗರು ಮದ್ದೂರು, ಮಂಡ್ಯದ ಸ್ಟೇಷನ್ನಿನಲ್ಲಿ ಪಾಸು ಹಿಡಿದು ಬೆಂಗಳೂರಿನ ರೈಲು ಹತ್ತುತ್ತಾರೆ. ಊರಲ್ಲಿ ಹಗಲು ಉಳಿಯುವವರು ಮುದುಕರು, ಚಿಕ್ಕ ಮಕ್ಕಳು, ಮತ್ತು ಜಮೀನು ನಂಬಿದ ಮೂವತ್ತು ದಾಟಿದ ಗಂಡಸರು.

ಆ ಗಂಡಸರಿಗೆ ಹೆಣ್ಣು ಸಿಗುತ್ತಿಲ್ಲ. ಎಷ್ಟು ಎಕರೆ ಗದ್ದೆ ಎಂದು ಕೇಳುತ್ತಿದ್ದ ಬೀಗರು ಈಗ ಹುಡುಗ ಎಲ್ಲಿ ಕೆಲಸದಲ್ಲಿದ್ದಾನೆ ಎಂದು ಕೇಳುತ್ತಾರೆ. 2023ರ ಫೆಬ್ರುವರಿಯಲ್ಲಿ ಮದುವೆಯಾಗದ ರೈತ ಯುವಕರು ಕೆ.ಎಂ. ದೊಡ್ಡಿಯಿಂದ ಮಲೆ ಮಹದೇಶ್ವರ ಬೆಟ್ಟಕ್ಕೆ ಪಾದಯಾತ್ರೆ ಹೊರಟರು. ಟಿ.ವಿ.ಯವರು ನಗುತ್ತಲೇ ಅದನ್ನು ತೋರಿಸಿದರು. ಅದೇ ವರ್ಷದ ಕೊನೆಗೆ ಮಂಡ್ಯದ ಬಳಿಯ ಆಲೆಮನೆಯೊಂದರಲ್ಲಿ ಸ್ಕ್ಯಾನಿಂಗ್ ಯಂತ್ರ ಇಟ್ಟುಕೊಂಡು ಭ್ರೂಣದ ಲಿಂಗ ಪತ್ತೆ ಮಾಡುತ್ತಿದ್ದ ಜಾಲವನ್ನು ಪೊಲೀಸರು ಬಯಲಿಗೆಳೆದಾಗ ನಗುವುದಕ್ಕೆ ಏನೂ ಉಳಿದಿರಲಿಲ್ಲ. ಬೆಲ್ಲ ಕುದಿಯುವ ಸೂರಿನಡಿ ಹೆಣ್ಣು ಕೂಸನ್ನು ಹುಟ್ಟುವ ಮೊದಲೇ ಅಳಿಸಲೆಂದು ಹುಡುಕುವ ಕೆಲಸ. ಹೊಸ ಯಂತ್ರ ಬಂದು ಅತಿ ಹಳೆಯ ಆಸೆಯೊಂದರ ಕೈ ಹಿಡಿದಿತ್ತು. ವಂಗಲದಲ್ಲಿ ಎಪ್‌ಸ್ಟೀನ್ ಕಂಡದ್ದೂ ಇದರದೇ ಇನ್ನೊಂದು ಮುಖ: ಹೊರಗಿನದು ಬಂದ ಮಾತ್ರಕ್ಕೆ ಒಳಗಿನದು ತಾನಾಗಿ ಬದಲಾಗುವುದಿಲ್ಲ.

ಈಗ ಹೆದ್ದಾರಿ. 2023ರ ಮಾರ್ಚ್ 12ರಂದು ಪ್ರಧಾನಿ ಅದನ್ನು ಉದ್ಘಾಟಿಸಿದ್ದು ಇದೇ ಗೆಜ್ಜಲಗೆರೆಯಲ್ಲಿ. ಸುಮಾರು 118 ಕಿ.ಮೀ. ಉದ್ದ, 8,480 ಕೋಟಿ ರೂಪಾಯಿ ವೆಚ್ಚ, ಬಿಡದಿಯಿಂದ ಶ್ರೀರಂಗಪಟ್ಟಣದವರೆಗೆ ಐದು ಬೈಪಾಸು. ಮೂರು ಗಂಟೆಯ ದಾರಿ ಒಂದೂವರೆ ಗಂಟೆಗೆ ಇಳಿಯಿತು. ಆಸ್ಪತ್ರೆಗೆ ಓಡುವವರಿಗೆ, ಬೆಂಗಳೂರಿಗೆ ತರಕಾರಿ ಹೊಡೆಯುವವರಿಗೆ ಇದು ಸಣ್ಣ ಉಪಕಾರವಲ್ಲ. ಆದರೆ ಆ ವರ್ಷದ ಆಗಸ್ಟ್ 1ರಿಂದ ಬೈಕು, ಆಟೋ, ಟ್ರ್ಯಾಕ್ಟರಿಗೆ ಮುಖ್ಯ ರಸ್ತೆಯಲ್ಲಿ ಪ್ರವೇಶವಿಲ್ಲ. ಅಪಘಾತ ತಡೆಯಲು ಅದು ಬೇಕೂ ಇತ್ತು. ಹೊಲ ಆಚೆ, ಮನೆ ಈಚೆ ಇರುವವನು ಮಾತ್ರ ಕಬ್ಬಿನ ಲೋಡಿನೊಂದಿಗೆ ಅಂಡರ್‌ಪಾಸು ಹುಡುಕುತ್ತ ಸುತ್ತಬೇಕು. ಮದ್ದೂರಿನಲ್ಲಂತೂ ರಸ್ತೆ ಊರಿನ ನೆತ್ತಿಯ ಮೇಲೇ ಹಾದುಹೋಗಿದೆ. ಕೆಳಗಿನ ಹಳೆಯ ರಸ್ತೆಯಲ್ಲಿ ಹೋಟೆಲಿನ ಬಾಣಲೆಯಿಂದ ಈಗಲೂ ಚಿರೋಟಿ ರವೆ, ಈರುಳ್ಳಿ, ಕರಿಬೇವಿನ ಘಮ ಏಳುತ್ತದೆ. 1917ರಲ್ಲಿ ರೈಲ್ವೆ ಸ್ಟೇಷನ್ನಿನಲ್ಲಿ ರಾಮಚಂದ್ರ ಬುದ್ಯ ಎಂಬುವರು ಅವಸರದಲ್ಲಿ ತಟ್ಟಿ ಕರಿದದ್ದೇ ಮದ್ದೂರು ವಡೆಯಾಯಿತು ಎಂದು ಇಲ್ಲಿಯವರು ಹೇಳುತ್ತಾರೆ. ರೈಲು ನಿಂತದ್ದಕ್ಕೆ ಹುಟ್ಟಿದ ತಿಂಡಿ ಅದು, ಬಸ್ಸು ನಿಂತದ್ದಕ್ಕೆ ಬೆಳೆದದ್ದು. ಮೇಲಿನ ರಸ್ತೆಯಲ್ಲಿ ಯಾರೂ ನಿಲ್ಲುವುದಿಲ್ಲ. ಗಿರಾಕಿ ಕಡಿಮೆಯಾಗಿ ಕೆಲವರು ಬಾಗಿಲು ಹಾಕಿದರು, ಕೆಲವರು ಸರ್ವಿಸ್ ರಸ್ತೆಯ ಪಕ್ಕ ಹೊಸ ಬಾಡಿಗೆಗೆ ಹೋದರು.

ತಲೆಯ ಮೇಲೆ ಹಾದುಹೋಗುವುದು ಈ ಸೀಮೆಗೆ ಹೊಸತೇನಲ್ಲ. ಮಳವಳ್ಳಿ ಕಡೆ ಇಳಿದರೆ ಶಿವನಸಮುದ್ರ. 1902ರಲ್ಲಿ ಅಲ್ಲಿ ಹುಟ್ಟಿದ ವಿದ್ಯುತ್ತು 147 ಕಿ.ಮೀ. ತಂತಿಯ ಮೇಲೆ ಸಾಗಿ ಕೋಲಾರದ ಚಿನ್ನದ ಗಣಿ ಬೆಳಗಿತು. ಆಮೇಲೆ ಬೆಂಗಳೂರಿನ ಬೀದಿ ಬೆಳಗಿತು. ತಂತಿಯ ಕೆಳಗಿನ ಹಳ್ಳಿಗಳಲ್ಲಿ ಸೀಮೆಎಣ್ಣೆಯ ಬುಡ್ಡಿ ಬಹುಕಾಲ ಉರಿಯಿತು. ಅಲ್ಲೇ ತೊರೆಕಾಡನಹಳ್ಳಿಯಿಂದ ಕಾವೇರಿಯ ನೀರು ಬೆಂಗಳೂರಿಗೆ ಏರುತ್ತದೆ. 2024ರ ಅಕ್ಟೋಬರಿನಲ್ಲಿ ಐದನೆಯ ಹಂತ ಶುರುವಾಗಿ ದಿನಕ್ಕೆ ಇನ್ನೂ 77.5 ಕೋಟಿ ಲೀಟರ್ ಸೇರಿತು. ಆಳೆತ್ತರದ ಕೊಳವೆಗಳು ಮಲಗಿರುವ ಹೊಲದ ಅಂಚಿನಲ್ಲೇ ನಿಂತರೆ ಒಳಗಿನ ನೀರಿನ ಗುಂಯ್‌ಗುಡುವಿಕೆ ಪಾದಕ್ಕೆ ತಿಳಿಯುತ್ತದೆ. ಪಕ್ಕದ ರೈತ ನಾಲೆಯ ಕೊನೆ ಭಾಗದವನು, ಕಟ್ಟುಪದ್ಧತಿಯ ಸರದಿ ಕಾಯುತ್ತಿರುವವನು. ನಗರಕ್ಕೆ ನೀರು ಬೇಡವೆಂದು ಅವನೂ ಅನ್ನುವುದಿಲ್ಲ. ಅವನ ಮಗಳು ಇರುವುದು ಅಲ್ಲೇ, ಕೆಂಗೇರಿಯ ಬಾಡಿಗೆ ಮನೆಯಲ್ಲಿ.

ಹಾಗೆಂದು ಸರ್ವಿಸ್ ರಸ್ತೆಯವರು ಕೈಕಟ್ಟಿ ಕೂತಿಲ್ಲ. ಸಂಜೆ ಅಲ್ಲಿ ನಡೆದರೆ ದಲೆನದವರ ಚುರುಕು ಮತ್ತೆ ಕಾಣುತ್ತದೆ. ಗೂಡಂಗಡಿಯ ಮುಂದೆ ಕಬ್ಬಿನ ಹಾಲಿನ ಗಾಣ, ಪಕ್ಕದಲ್ಲಿ ಸ್ಕ್ಯಾನ್ ಮಾಡಿ ದುಡ್ಡು ಹಾಕುವ ಹಲಗೆ. ಊರಿನ ಇಂಜಿನಿಯರಿಂಗ್ ಓದಿದ ಹುಡುಗ ತಂದೆಯ ಆಲೆಮನೆಯ ಕಪ್ಪು ಬೆಲ್ಲವನ್ನು ಪುಡಿ ಮಾಡಿ, ಪೊಟ್ಟಣ ಕಟ್ಟಿ ಕೊರಿಯರಿಗೆ ಕೊಡುತ್ತಾನೆ. ‘ನಾಟಿ ಕೋಳಿ ಸಾರು, ಮುದ್ದೆ’ ಎಂದು ಬರೆದ ತಟ್ಟಿ ಹೋಟೆಲಿನಲ್ಲಿ ಅಡುಗೆ ಅತ್ತೆಯದು, ಗಲ್ಲಾ ಸೊಸೆಯದು. ಗದ್ದೆ ಮಾರಿದ ಹಣದಲ್ಲಿ ಕಾರು ಕೊಂಡು ಅದನ್ನು ಬಾಡಿಗೆಗೆ ಬಿಟ್ಟವರಿದ್ದಾರೆ, ಆ ಹಣ ಕರಗಿಸಿ ಅದೇ ಜಾಗದ ಲೇಔಟಿಗೆ ಕಾವಲುಗಾರರಾದವರೂ ಇದ್ದಾರೆ. ನೋಡೆಕೊಪ್ಪಲಿನಲ್ಲಿ ಚಿತ್ರೀಕರಿಸಿದ ‘ತಿಥಿ’ ಸಿನಿಮಾದಲ್ಲಿ ಅಪ್ಪನ ಜಮೀನು ಮಾರಲು ಹೆಣಗುವ ಮಗನನ್ನು ಕಂಡು ನಕ್ಕ ಪ್ರೇಕ್ಷಕರಿಗೆ, ಇಲ್ಲಿ ಅವನ ಅಣ್ಣತಮ್ಮಂದಿರು ಸೈಟಿನ ನಕ್ಷೆ ಹಿಡಿದು ಸಿಗುತ್ತಾರೆ.

ನಾಲೆ ತಂದದ್ದು ನೀರು, ಹೆದ್ದಾರಿ ತಂದದ್ದು ವೇಗ. ಎರಡರಲ್ಲಿ ಯಾವುದು ಒಳ್ಳೆಯದೆಂಬ ಚರ್ಚೆಗೆ ಅರ್ಥವಿಲ್ಲ. ನಾಲೆ ಕಟ್ಟಿದವರು ಊರೂರಿನ ಹತ್ತಿರ ಏರಿ ಕೊರೆದು ತೂಬು ಇಟ್ಟರು, ಅದರ ಮುಂದೆ ಬೆಳೆ, ಫಾರಂ, ಕಾರ್ಖಾನೆಗಳನ್ನು ಜೋಡಿಸಿದರು. ಹೆದ್ದಾರಿಯನ್ನು ಎರಡು ನಗರಗಳ ನಡುವಿನ ಹೊತ್ತು ಉಳಿಸಲು ಕಟ್ಟಿದರು. ನಡುವಿನ ಊರಿನ ಪಾಲಿಗೆ ಅದರಲ್ಲಿ ತೂಬಿಲ್ಲ. ಇಲ್ಲಿಯ ಜನ ಇಳಿಯುವ ದಾರಿ ಕೇಳುವುದು ಬರೀ ವಡೆ ವ್ಯಾಪಾರಕ್ಕಲ್ಲ. ಮಂಡಿಗೆ ಹತ್ತಿರದ ದಾರಿ, ಬೆಲ್ಲ ಕೆಡದಂತೆ ಇಡುವ ಗೋದಾಮು, ಹುಡುಗಿಯರಿಗೆ ರಾತ್ರಿ ಪಾಳಿಯ ಬಸ್ಸು, ಓದಿದವರಿಗೆ ಊರಿನ ಸಮೀಪವೇ ಕೆಲಸ, ಇವೆಲ್ಲ ಆ ದಾರಿಯ ಮುಂದೆ ಜೋಡಿಸಬೇಕಾದವು. ನೂರು ವರ್ಷದ ಹಿಂದೆ ತೂಬು ಎಲ್ಲಿರಬೇಕೆಂದು ಇಂಜಿನಿಯರು ನಿರ್ಧರಿಸಿದರೆ ಸಾಕಾಗಿತ್ತು. ಈಗ ಡೇರಿಯ ಚೀಟಿ ಓದುವ ಹೆಂಗಸರೂ, ಬೆಟ್ಟಕ್ಕೆ ನಡೆದ ಹುಡುಗರೂ, ಆಲೆಮನೆಯ ಒಲೆ ಉರಿಸುವ ಬಿಹಾರದವನೂ ಆ ಮಾತುಕತೆಯಲ್ಲಿ ಕೂರದಿದ್ದರೆ, ಕಿಂಡಿ ಕೊರೆದರೂ ಅದು ಮತ್ತೆ ಎತ್ತರದ ಹೊಲವನ್ನು ಬಿಟ್ಟೇ ಹರಿಯುತ್ತದೆ.